ಅಪ್ಪನಿಗೆ ನಾನೇ ಹೇಳಬೇಕಾದ ಸುದ್ದಿ: ಕಂದಾಯ ಸಚಿವರಿಗೆ ಒಂದು ಬಹಿರಂಗ ಪತ್ರ

ಇವರಿಗೆ,
ಮಾನ್ಯ ಕಂದಾಯ ಸಚಿವರು,
ಕರ್ನಾಟಕ ಸರ್ಕಾರ, ಬೆಂಗಳೂರು.

ವಿಷಯ: ವಿಶೇಷ ವಿವಾಹ ಕಾಯ್ದೆಯಡಿ ಕೊಡುವ ನೋಟಿಸನ್ನು ಕಚೇರಿಯ ಗೋಡೆಗೆ ಅಂಟಿಸುವ ಕುರಿತು.

ಮಾನ್ಯರೇ,

ಹೊಲದ ಕ್ರಯಪತ್ರ, ಮನೆಯ ಅಡಮಾನ, ಅಣ್ಣತಮ್ಮಂದಿರ ವಿಭಾಗಪತ್ರ ಇವೆಲ್ಲ ನೋಂದಣಿಯಾಗುವ ಉಪನೋಂದಣಾಧಿಕಾರಿಗಳ ಕಚೇರಿಯಲ್ಲೇ ನಮ್ಮ ರಾಜ್ಯದ ಮದುವೆಗಳೂ ನೋಂದಣಿಯಾಗುತ್ತವೆ. ಆ ಕಚೇರಿಗಳು ತಮ್ಮ ಇಲಾಖೆಯ ಅಧೀನದಲ್ಲಿವೆ. ಕಳೆದ ತಿಂಗಳು ಅಂಥದೊಂದು ಕಚೇರಿಯ ಕಿಟಕಿಯವರೆಗೆ ಹೋಗಿ, ಬಹುಪಾಲು ತುಂಬಿದ್ದ ಅರ್ಜಿಯೊಂದನ್ನು ಸಲ್ಲಿಸದೆ ಮಡಚಿ ಚೀಲದಲ್ಲಿಟ್ಟುಕೊಂಡು ಹಿಂತಿರುಗಿದವಳು ನಾನು. ಏಕೆ ಹಿಂತಿರುಗಿದೆ ಎಂಬುದನ್ನು ತಮಗೆ ತಿಳಿಸುವುದಷ್ಟೇ ಈ ಪತ್ರದ ಉದ್ದೇಶ. ಹೆಸರಿಲ್ಲದ ಪತ್ರಗಳಿಗೆ ಸರ್ಕಾರಿ ಕಚೇರಿಗಳಲ್ಲಿ ಬೆಲೆಯಿಲ್ಲ ಎಂಬುದು ನನಗೆ ಗೊತ್ತಿದೆ. ಆದರೂ ಹೆಸರು ಬರೆಯಲಾರೆ, ಏಕೆಂದರೆ ಹೆಸರು ಬಯಲಾಗುವುದೇ ಇಲ್ಲಿ ನನ್ನ ದೂರು.

ನನಗೆ ಇಪ್ಪತ್ತೊಂಬತ್ತು ವರ್ಷ. ತುಂಗಭದ್ರೆಯಿಂದ ಬಹಳ ದೂರವಲ್ಲದ ಒಂದು ತಾಲ್ಲೂಕು ಕೇಂದ್ರ ನನ್ನ ಊರು. ಅಪ್ಪ ಅಲ್ಲಿನ ಮಾರುಕಟ್ಟೆಯಲ್ಲಿ ಅಡತಿ ವ್ಯಾಪಾರ ಮಾಡುತ್ತಾರೆ. ನಾನು ಬೆಂಗಳೂರಿನ ಒಂದು ಸಂಸ್ಥೆಯಲ್ಲಿ ಲೆಕ್ಕಪರಿಶೋಧನೆಯ ಕೆಲಸದಲ್ಲಿದ್ದೇನೆ. ನಾನು ಮದುವೆಯಾಗಲು ಬಯಸಿರುವವರು ನನ್ನ ಧರ್ಮದವರಲ್ಲ. ಅವರದು ಯಾವ ಧರ್ಮ ಎಂದು ಇಲ್ಲಿ ಬರೆಯುವುದಿಲ್ಲ. ಬರೆದ ಕೂಡಲೇ ಅರ್ಧದಷ್ಟು ಓದುಗರು ಪತ್ರವನ್ನು ಅಲ್ಲಿಗೇ ಬಿಟ್ಟು ತೀರ್ಪು ಬರೆಯಲು ಕೂರುತ್ತಾರೆ. ಅವರಿಗೂ ನನಗೂ ಧರ್ಮ ಬದಲಿಸುವ ಇಚ್ಛೆಯಿಲ್ಲ, ಒಬ್ಬರು ಇನ್ನೊಬ್ಬರಿಗೆ ಬದಲಿಸೆಂದು ಹೇಳಿಯೂ ಇಲ್ಲ. ಹಾಗಿರುವಾಗ ನಮ್ಮ ದೇಶದ ಕಾನೂನು ನಮಗೆ ತೆರೆದಿಟ್ಟಿರುವ ಬಾಗಿಲು ಒಂದೇ, ಅದು 1954ರ ವಿಶೇಷ ವಿವಾಹ ಕಾಯ್ದೆ.

ಮುಂದೆ ಹೋಗುವ ಮೊದಲು ನನ್ನ ಅಪ್ಪನ ವಿಷಯವನ್ನು ಹೇಳಬೇಕು. ಇಂಥ ಪತ್ರಗಳಲ್ಲಿ ಅಪ್ಪ ಎಂದರೆ ಕೈಯಲ್ಲಿ ಕೊಡಲಿ ಹಿಡಿದವನು ಎಂಬ ಚಿತ್ರ ತಾನಾಗಿ ಮೂಡುತ್ತದೆ, ನನ್ನ ಅಪ್ಪ ಹಾಗಿಲ್ಲ. ನಮ್ಮ ಓಣಿಯಲ್ಲಿ ಹೆಣ್ಣುಮಗಳನ್ನು ಪಿಯುಸಿಗೆ ಪರಊರಿನ ಹಾಸ್ಟೆಲಿಗೆ ಬಿಟ್ಟವರಲ್ಲಿ ಅವರೇ ಮೊದಲಿಗರು. ಟ್ರಂಕನ್ನು ಬೈಕಿನ ಹಿಂದೆ ಹಗ್ಗದಿಂದ ಬಿಗಿದು, ನಲವತ್ತು ಕಿಲೋಮೀಟರ್ ನನ್ನನ್ನು ಕೂರಿಸಿಕೊಂಡು ಹೋಗಿ, ವಾರ್ಡನ್ನರ ಮುಂದೆ ಟೋಪಿ ತೆಗೆದು ನಿಂತ ಮನುಷ್ಯ ಅವರು. ಆ ವರ್ಷ ಮೆಣಸಿನಕಾಯಿಯ ದರ ಬಿದ್ದು ಅಂಗಡಿ ನಷ್ಟದಲ್ಲಿತ್ತು. ಹಾಸ್ಟೆಲ್ ಶುಲ್ಕಕ್ಕೆ ಅವ್ವನ ಬಿಲ್ವಾರ ಬಳೆಗಳು ಹೋದವು, ಆ ಮಾತು ನನ್ನ ಕಿವಿಗೆ ಬಿದ್ದದ್ದು ಆರು ವರ್ಷಗಳ ನಂತರ, ಅದೂ ಚಿಕ್ಕಮ್ಮನಿಂದ. ಈಗ ಪ್ರತಿ ಭಾನುವಾರ ರಾತ್ರಿ ಅವರು ಫೋನು ಮಾಡುತ್ತಾರೆ. ಮಳೆ, ದರ, ತಂಗಿಯ ಪರೀಕ್ಷೆ ಎಲ್ಲ ಮುಗಿದ ಮೇಲೆ ಸ್ವಲ್ಪ ಹೊತ್ತು ಸುಮ್ಮನಿದ್ದು, ಗಂಟಲು ಸರಿಪಡಿಸಿಕೊಂಡು, ‘ಆ ದಾವಣಗೆರಿ ಹುಡುಗನ ಬಯೋಡೇಟಾ ನೋಡಿದೇನವಾ?’ ಎನ್ನುತ್ತಾರೆ. ಊರು ಮಾತ್ರ ವಾರವಾರ ಬದಲಾಗುತ್ತದೆ. ‘ನಿನಗ ಒಪ್ಪಿಗಿ ಆದಾವನ್ನ ಮಾಡ್ಕೋ, ನಾ ಬ್ಯಾಡ ಅನ್ನಂಗಿಲ್ಲ, ಆದ್ರ ನಮ್ಮ ಮಂದಿಯಾಗಿನವ ಇರ್ಲಿ’ ಎಂದು ಅವರು ಹೇಳುವಾಗ ತಾವು ಮಗಳಿಗೆ ಬಹಳ ದೊಡ್ಡ ಸ್ವಾತಂತ್ರ್ಯ ಕೊಡುತ್ತಿದ್ದೇವೆಂದೇ ಅವರ ನಂಬಿಕೆ. ಅವರು ಬೆಳೆದು ಬಂದ ಮನೆಯ ಲೆಕ್ಕದಲ್ಲಿ ಅದು ನಿಜವೂ ಹೌದು.

ಆ ಮನೆಯ ಲೆಕ್ಕ ಎಂಥದು ಎನ್ನುವುದಕ್ಕೆ ನನ್ನ ಅವ್ವನ ಮದುವೆಯೇ ಸಾಕ್ಷಿ. ಅಪ್ಪ ಅವಳಿಗೆ ಸ್ವಂತ ಸೋದರಮಾವ. ಮದುವೆಯ ದಿನ ಅವಳಿಗೆ ಹದಿನೇಳು ತುಂಬಿರಲಿಲ್ಲ. ಹೆಣ್ಣಿನ ಮದುವೆಯ ವಯಸ್ಸು ಹದಿನೆಂಟು ಎಂದು 1978ರಲ್ಲೇ ಕಾನೂನಾಗಿ ಬಹಳ ವರ್ಷಗಳಾಗಿದ್ದವು. ಆ ಮದುವೆಯ ಕುರಿತು ಯಾವ ಕಚೇರಿಯೂ ಮೂವತ್ತು ದಿನ ಆಕ್ಷೇಪಣೆಗಳನ್ನು ಆಹ್ವಾನಿಸಲಿಲ್ಲ. ನಾನು ಬಳಸಬೇಕೆಂದಿರುವ ಕಾಯ್ದೆಯ ಮೊದಲನೆಯ ಅನುಸೂಚಿಯಲ್ಲಿ ಹೆಣ್ಣು ಮದುವೆಯಾಗಬಾರದ ಬಂಧುಗಳ ಪಟ್ಟಿಯೊಂದಿದೆ, ಅದರಲ್ಲಿ ತಾಯಿಯ ಸಹೋದರನೂ ಇದ್ದಾನೆ. ರೂಢಿ ಇರುವ ಕಡೆ ಮಾತ್ರ ವಿನಾಯಿತಿ. ರೂಢಿಗೆ ಕಾನೂನು ಎಷ್ಟು ಮೃದುವಾಗಿ ದಾರಿ ಬಿಡುತ್ತದೆ ನೋಡಿ. ಇಬ್ಬರು ವಯಸ್ಕರು ತಾವಾಗಿ ಬಂದು ಮದುವೆಯಾಗುತ್ತೇವೆ ಎಂದಾಗ ಮಾತ್ರ ಅದಕ್ಕೆ ಒಂದು ತಿಂಗಳ ಸಂಶಯ. ‘ನಿನ್ನನ್ನ ಯಾರರ ಕೇಳಿದ್ರೇನು?’ ಎಂದು ಅವ್ವನನ್ನು ಒಮ್ಮೆ ಕೇಳಿದ್ದೆ. ರೊಟ್ಟಿ ಬಡಿಯುವುದನ್ನು ನಿಲ್ಲಿಸದೆ, ‘ಸೀರಿ ಬಣ್ಣ ಕೇಳಿದ್ರು’ ಎಂದಳು.

ಈಗ ಕಾಯ್ದೆಯ ವಿಷಯಕ್ಕೆ ಬರುತ್ತೇನೆ. ಸೆಕ್ಷನ್ 5ರ ಪ್ರಕಾರ, ಮದುವೆಯಾಗಲಿರುವ ಇಬ್ಬರಲ್ಲಿ ಒಬ್ಬರಾದರೂ ಕನಿಷ್ಠ 30 ದಿನ ವಾಸವಿರುವ ಜಿಲ್ಲೆಯ ವಿವಾಹಾಧಿಕಾರಿಗೆ ಮೊದಲು ಲಿಖಿತ ನೋಟಿಸ್ ಕೊಡಬೇಕು. ಸೆಕ್ಷನ್ 6ರ ಪ್ರಕಾರ, ಅಧಿಕಾರಿ ಆ ನೋಟಿಸನ್ನು ವಿವಾಹ ನೋಟಿಸ್ ಪುಸ್ತಕದಲ್ಲಿ ದಾಖಲಿಸಬೇಕು, ಆ ಪುಸ್ತಕವನ್ನು ಯಾರು ಬೇಕಾದರೂ ಶುಲ್ಕವಿಲ್ಲದೆ ನೋಡಬಹುದು, ಮತ್ತು ನೋಟಿಸಿನ ಪ್ರತಿಯನ್ನು ಕಚೇರಿಯಲ್ಲಿ ಎಲ್ಲರ ಕಣ್ಣಿಗೆ ಬೀಳುವ ಜಾಗದಲ್ಲಿ ಅಂಟಿಸಬೇಕು. ಸೆಕ್ಷನ್ 7ರ ಪ್ರಕಾರ, ಮೂವತ್ತು ದಿನಗಳೊಳಗೆ ಯಾವುದೇ ವ್ಯಕ್ತಿ ಆಕ್ಷೇಪಣೆ ಸಲ್ಲಿಸಬಹುದು. ಇಷ್ಟರವರೆಗೆ ಸಂಗತಿ ಬಹಳ ಜನರಿಗೆ ಗೊತ್ತಿದೆ. ಹೆಚ್ಚಿನವರಿಗೆ ಗೊತ್ತಿಲ್ಲದ್ದು, ನನಗೂ ಆ ಕಿಟಕಿಯ ಮುಂದೆ ನಿಂತಾಗಲೇ ಗೊತ್ತಾದದ್ದು, ಅದೇ ಸೆಕ್ಷನ್ 6ರ ಮೂರನೆಯ ಉಪವಿಧಿ. ನೋಟಿಸ್ ಕೊಟ್ಟವರಲ್ಲಿ ಯಾರಾದರೂ ಆ ಜಿಲ್ಲೆಯ ಕಾಯಂ ನಿವಾಸಿಯಲ್ಲದಿದ್ದರೆ, ಅವರ ಕಾಯಂ ವಾಸವಿರುವ ಜಿಲ್ಲೆಯ ವಿವಾಹಾಧಿಕಾರಿಗೂ ಪ್ರತಿಯನ್ನು ಕಳುಹಿಸಬೇಕು, ಅವರು ಅದನ್ನು ಅಲ್ಲಿಯೂ ಅಂಟಿಸಬೇಕು. ‘ಆಧಾರ್‌ನಲ್ಲಿ ಊರಿನ ವಿಳಾಸ ಇದೆಯಲ್ಲಮ್ಮ, ಅಲ್ಲಿಗೂ ಹೋಗುತ್ತದೆ’ ಎಂದು ಗುಮಾಸ್ತರು ಹೇಳಿದರು. ಅವರ ಮಾತಿನಲ್ಲಿ ಕೇಡೇನೂ ಇರಲಿಲ್ಲ. ಮಳೆ ಬಂದರೆ ನೆಲ ಒದ್ದೆಯಾಗುತ್ತದೆ ಎನ್ನುವಷ್ಟೇ ಸಹಜವಾಗಿ ಹೇಳಿದರು.

ಮಹಾನಗರದ ಕಚೇರಿಯೊಂದರ ಗೋಡೆಗೆ ಅಂಟಿಸಿದ ಕಾಗದಕ್ಕೂ ನನ್ನ ಊರಿನ ಕಚೇರಿಯ ಗೋಡೆಗೆ ಅಂಟಿಸಿದ ಕಾಗದಕ್ಕೂ ಇರುವ ಅಂತರ ತಮಗೆ ತಿಳಿಯದ್ದಲ್ಲ. ನಮ್ಮ ಊರಿನ ಕಚೇರಿಯ ಎದುರು ಬೇವಿನ ಮರದ ಕೆಳಗೆ ಪತ್ರ ಬರಹಗಾರರ ಮೇಜುಗಳಿವೆ. ಪಹಣಿ, ಋಣಭಾರ ಪತ್ರ, ಸಹಕಾರ ಸಂಘದ ಸಾಲಕ್ಕೆ ಬೇಕಾದ ಕಾಗದ ಎಂದು ದಿನಕ್ಕೆ ನೂರಾರು ರೈತರು, ವ್ಯಾಪಾರಿಗಳು ಅಲ್ಲಿಗೆ ಬಂದು ಕೂರುತ್ತಾರೆ, ಚಹಾ ಕುಡಿಯುತ್ತಾರೆ, ಕೆಲಸವಾಗುವವರೆಗೆ ಗೋಡೆಯ ಮೇಲೆ ಏನೇನಿದೆ ಎಂದು ಓದುತ್ತಾರೆ. ನನ್ನ ಅಪ್ಪನ ಮೂವತ್ತು ವರ್ಷದ ವ್ಯವಹಾರದ ಕಾಗದಗಳನ್ನು ಬರೆದವರೂ ಆ ಮರದ ಕೆಳಗೇ ಕೂತಿದ್ದಾರೆ. ಮಗಳ ಹೆಸರು, ಅಪ್ಪನ ಹೆಸರು, ಓಣಿಯ ಹೆಸರು, ಅದರ ಪಕ್ಕದಲ್ಲಿ ಬೇರೆ ಧರ್ಮದ ಒಂದು ಹೆಸರು. ಆ ಕಾಗದ ಗೋಡೆಯ ಮೇಲೆ ಮೂವತ್ತು ದಿನ ಇರಬೇಕಾಗಿಲ್ಲ, ಮೂವತ್ತು ನಿಮಿಷ ಇದ್ದರೆ ಸಾಕು. ಅಪ್ಪನಿಗೆ ಮೊದಲ ಫೋನು ಬರುತ್ತದೆ. ಎರಡನೆಯ ಫೋನು ಬರುವ ಹೊತ್ತಿಗೆ ಅವರಿಗೆ ತಮ್ಮ ಅಂಗಡಿಯಲ್ಲಿ ತಲೆ ಎತ್ತಿ ಕೂರಲು ಆಗುವುದಿಲ್ಲ.

ಮಾನ್ಯರೇ, ನನ್ನ ದುಃಖ ಇರುವುದು ಇಲ್ಲೇ. ಅಪ್ಪನಿಂದ ಈ ಮದುವೆಯನ್ನು ಶಾಶ್ವತವಾಗಿ ಮುಚ್ಚಿಡುವುದು ನನ್ನ ಉದ್ದೇಶವಲ್ಲ, ಓಡಿಹೋಗುವುದಂತೂ ಅಲ್ಲ. ನಾನು ಊರಿಗೆ ಹೋಗಿ, ಅಪ್ಪನ ಎದುರು ಕೂತು, ಅವರ ಮುಖ ನೋಡಿಕೊಂಡು, ನನ್ನ ಬಾಯಿಂದ ಈ ಸುದ್ದಿಯನ್ನು ಹೇಳಬೇಕು. ಅವರು ಸಿಟ್ಟಾಗುತ್ತಾರೆ, ಅದನ್ನು ನಾನು ನೋಡಬೇಕು. ತಂಗಿಯ ಮದುವೆಗೆ ಇದರಿಂದ ಅಡ್ಡಿಯಾಗುತ್ತದೆ ಎನ್ನುತ್ತಾರೆ. ಆ ಮಾತಿನಲ್ಲಿ ಹುರುಳಿದೆ, ಅದಕ್ಕೆ ನನ್ನ ಬಳಿ ಇಂದಿಗೂ ಸರಿಯಾದ ಉತ್ತರವಿಲ್ಲ, ಆದರೂ ಉತ್ತರ ಹುಡುಕಬೇಕಾದವಳು ನಾನೇ. ಒಂದು ಸಲ ಹೇಳಿ ಆಗುವ ಮಾತಲ್ಲ ಅದು. ಅಪ್ಪನಿಗೆ ಆರು ತಿಂಗಳು ಬೇಕಾಗಬಹುದು, ವರ್ಷವೇ ಬೇಕಾಗಬಹುದು. ಅಷ್ಟರಲ್ಲಿ ನಾನು ಕಾನೂನಿನ ಕಣ್ಣಿನಲ್ಲಿ ವಿವಾಹಿತೆಯಾಗಿದ್ದರೆ ಧೈರ್ಯವಾಗಿ ಮಾತಾಡಬಲ್ಲೆ, ಏಕೆಂದರೆ ಆಗ ನನ್ನನ್ನು ಕೋಣೆಯಲ್ಲಿ ಕೂಡಿಹಾಕಿ ಇನ್ನೊಬ್ಬರಿಗೆ ಧಾರೆ ಎರೆಯುವ ಆಲೋಚನೆ ಮಾವಂದಿರಿಗಾಗಲಿ ಚಿಕ್ಕಪ್ಪಂದಿರಿಗಾಗಲಿ ಹೊಳೆಯುವುದು ಕಷ್ಟ. ಇಲ್ಲವೇ ಮೊದಲು ಹೇಳಿ ಆಮೇಲೆ ಅರ್ಜಿ ಕೊಡುವ ದಾರಿಯನ್ನೂ ನಾನು ಆರಿಸಿಕೊಳ್ಳಬಹುದು. ಯಾವುದು ಮೊದಲು ಎನ್ನುವ ನಿರ್ಧಾರ ನನ್ನದಾಗಿರಬೇಕಿತ್ತು. ತಮ್ಮ ಇಲಾಖೆಯ ಗೋಡೆ ಅದನ್ನು ನನ್ನಿಂದ ಕಿತ್ತುಕೊಳ್ಳುತ್ತದೆ. ಮಗಳು ಅಪ್ಪನಿಗೆ ಹೇಳಬೇಕಾದ ಅತ್ಯಂತ ಕಷ್ಟದ ಮಾತನ್ನು ಪತ್ರ ಬರಹಗಾರರೊಬ್ಬರು ಫೋನಿನಲ್ಲಿ ಹೇಳುತ್ತಾರೆ.

ಇದು ಬರೀ ನನ್ನ ಅಂಜಿಕೆಯಲ್ಲ. ಹಾಸ್ಟೆಲಿನಲ್ಲಿ ನನ್ನ ಕೋಣೆಯಲ್ಲೇ ಇದ್ದ ಗೆಳತಿಯೊಬ್ಬಳು ಕೆಲವು ವರ್ಷಗಳ ಹಿಂದೆ ಇದೇ ಕಾಯ್ದೆಯಡಿ ನೋಟಿಸ್ ಕೊಟ್ಟಳು. ಒಂಬತ್ತನೆಯ ದಿನ ಯಾರೋ ಆ ಕಾಗದದ ಫೋಟೋ ತೆಗೆದರು, ಸಂಜೆಯೊಳಗೆ ಅದು ಅವರ ಸಮುದಾಯದ ವಾಟ್ಸ್‌ಆ್ಯಪ್ ಗುಂಪುಗಳನ್ನೆಲ್ಲ ಸುತ್ತಿತು, ಮರುದಿನ ಅಣ್ಣ ಕಾರು ತಂದ. ಅಜ್ಜಿಗೆ ಹುಷಾರಿಲ್ಲ ಎಂದು ಕರೆದುಕೊಂಡು ಹೋದರು. ಮೂರು ವಾರದಲ್ಲಿ ಅವಳ ಮದುವೆ ಬೇರೊಬ್ಬರೊಂದಿಗೆ ಆಯಿತು. ಆ ಮದುವೆಗೆ ಛತ್ರ ಸಿಕ್ಕಿತು, ಬಾಣಸಿಗರು ಸಿಕ್ಕರು, ಎಂಟುನೂರು ಜನ ಬಂದು ಅಕ್ಷತೆ ಹಾಕಿದರು, ನಾನೂ ಹಾಕಿದೆ. ಅವಳ ಕಣ್ಣಿಗೆ ನನ್ನ ಕಣ್ಣು ತಾಗದಂತೆ ನೋಡಿಕೊಂಡೆ. ಆ ಬಗ್ಗೆ ಇಂದಿಗೂ ನನಗೆ ನಾಚಿಕೆಯಿದೆ.

ಈ ಕಟ್ಟಳೆ ಎಲ್ಲಿಂದ ಬಂತೆಂದು ಹುಡುಕುತ್ತ ಹೋದಾಗ ನನಗೆ ತಿಳಿದದ್ದು, ಬ್ರಿಟಿಷರ ಕಾಲದ 1872ರ ವಿಶೇಷ ವಿವಾಹ ಕಾಯ್ದೆಯಲ್ಲಿ ಈ ಕಾಯುವಿಕೆ ಹದಿನಾಲ್ಕು ದಿನಗಳದ್ದಾಗಿತ್ತು. ಅದರಡಿ ಮದುವೆಯಾಗಬೇಕೆಂದರೆ ನಾವು ಹಿಂದೂ ಅಲ್ಲ, ಮುಸ್ಲಿಮರಲ್ಲ, ಕ್ರೈಸ್ತರಲ್ಲ ಎಂಬಿತ್ಯಾದಿಯಾಗಿ ಘೋಷಿಸಬೇಕಿತ್ತು. ಸ್ವತಂತ್ರ ಭಾರತ 1954ರಲ್ಲಿ ಆ ಘೋಷಣೆಯ ಹಂಗಿಲ್ಲದ ಕಾಯ್ದೆಯನ್ನು ತಂದಿತು, ಧರ್ಮ ಬಿಡದೆಯೇ ಯಾರು ಯಾರನ್ನಾದರೂ ಮದುವೆಯಾಗಬಹುದು ಎಂದಿತು. ಆದರೆ ಕಾಯುವ ದಿನಗಳನ್ನು ಮಾತ್ರ ಮೂವತ್ತಕ್ಕೆ ಏರಿಸಿತು. ಒಂದೇ ಧರ್ಮದವರು 1955ರ ಹಿಂದೂ ವಿವಾಹ ಕಾಯ್ದೆಯಡಿ ಬೆಳಿಗ್ಗೆ ದೇವಸ್ಥಾನದಲ್ಲಿ ತಾಳಿ ಕಟ್ಟಿಸಿಕೊಂಡು ನೋಂದಣಿಗೆ ಹೋದರೆ ಅವರಿಗೆ ನೋಟಿಸೂ ಇಲ್ಲ, ಆಕ್ಷೇಪಣೆಯೂ ಇಲ್ಲ. ಅವರಲ್ಲಿ ಮೊದಲೇ ಮದುವೆಯಾದವರು, ವಯಸ್ಸು ಸುಳ್ಳು ಹೇಳಿದವರು ಇರುವುದಿಲ್ಲವೇ?

ನ್ಯಾಯಾಲಯಗಳು ಈ ವಿಷಯದಲ್ಲಿ ಹೇಳಬೇಕಾದ್ದನ್ನು ಬಹುಮಟ್ಟಿಗೆ ಹೇಳಿಬಿಟ್ಟಿವೆ. ದೆಹಲಿಯಲ್ಲಿ ಇಂಥ ನೋಟಿಸನ್ನು ಮನೆಯ ವಿಳಾಸಕ್ಕೆ ಕಳುಹಿಸುವ ಪದ್ಧತಿ ಬೆಳೆದಿತ್ತು. ಕಾಯ್ದೆಯಲ್ಲಿ ಇಲ್ಲದ ಆ ಪದ್ಧತಿಯನ್ನು 2009ರಲ್ಲಿ ಅಲ್ಲಿನ ಹೈಕೋರ್ಟ್ ತಡೆಯಿತು. ಖಾಸಗಿತನ ಮೂಲಭೂತ ಹಕ್ಕು ಎಂದು ಸುಪ್ರೀಂ ಕೋರ್ಟಿನ ಒಂಬತ್ತು ನ್ಯಾಯಮೂರ್ತಿಗಳ ಪೀಠ 2017ರಲ್ಲಿ ಒಮ್ಮತದಿಂದ ಹೇಳಿತು. ಆ ಮೊಕದ್ದಮೆಯ ಅರ್ಜಿದಾರರು ನಮ್ಮ ಕರ್ನಾಟಕ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ.ಎಸ್. ಪುಟ್ಟಸ್ವಾಮಿಯವರು ಎಂಬುದನ್ನು ತಾವು ಹೆಮ್ಮೆಯಿಂದ ನೆನೆಯಬಹುದು. 2018ರಲ್ಲಿ ಮರ್ಯಾದೆಗೇಡು ಹತ್ಯೆಗಳ ಕುರಿತ ತೀರ್ಪಿನಲ್ಲಿ ಅದೇ ನ್ಯಾಯಾಲಯ, ಬೆದರಿಕೆಯಿರುವ ದಂಪತಿಗಳಿಗಾಗಿ ಜಿಲ್ಲಾ ಕೇಂದ್ರಗಳಲ್ಲಿ ಸುರಕ್ಷಿತ ವಸತಿಗಳನ್ನೂ ದೂರು ಕೇಳಲು ವಿಶೇಷ ಘಟಕಗಳನ್ನೂ ತೆರೆಯುವಂತೆ ರಾಜ್ಯಗಳಿಗೆ ಸೂಚಿಸಿತು. ವಯಸ್ಕರು ತಮಗೆ ಬೇಕಾದವರನ್ನು ಮದುವೆಯಾಗುವುದು ಮೂಲಭೂತ ಹಕ್ಕು ಎಂದು ನಮ್ಮ ಹೈಕೋರ್ಟ್ 2020ರ ನವೆಂಬರಿನಲ್ಲಿ ಮತ್ತೆ ಹೇಳಿತು. 2021ರ ಜನವರಿಯಲ್ಲಿ ಅಲಹಾಬಾದ್ ಹೈಕೋರ್ಟ್ ಇನ್ನೂ ಮುಂದೆ ಹೋಗಿ, ನೋಟಿಸನ್ನು ಪ್ರಕಟಿಸಬೇಕೋ ಬೇಡವೋ ಎನ್ನುವುದು ಮದುವೆಯಾಗುವವರ ಇಚ್ಛೆಗೆ ಬಿಟ್ಟದ್ದು, ಅವರು ಬರವಣಿಗೆಯಲ್ಲಿ ಕೇಳಿದರೆ ಮಾತ್ರ ಪ್ರಕಟಿಸಬೇಕು ಎಂದಿತು. ಆ ತೀರ್ಪಿನ ಬಲ ಉತ್ತರ ಪ್ರದೇಶದ ಗಡಿಯಲ್ಲಿ ನಿಲ್ಲುತ್ತದೆ. ಕೇರಳ ಸರ್ಕಾರ 2020ರಲ್ಲಿ ಇಂಥ ನೋಟಿಸುಗಳನ್ನು ಜಾಲತಾಣಕ್ಕೆ ಏರಿಸುವುದನ್ನು ನಿಲ್ಲಿಸಿತು, ಏಕೆಂದರೆ ಅಲ್ಲಿಂದ ಹೆಸರುಗಳನ್ನು ಎತ್ತಿಕೊಂಡು ಹರಿಬಿಡುವ ಕೆಲಸ ನಡೆದಿತ್ತು.

ನಮ್ಮ ರಾಜ್ಯದ್ದೇ ಒಂದು ಪ್ರಕರಣವನ್ನು ಸ್ವಲ್ಪ ವಿವರವಾಗಿ ನೆನಪಿಸಬೇಕು. ಬೆಳಗಾವಿ ಜಿಲ್ಲೆಯ ಮುರಗೋಡ ಠಾಣೆಯಲ್ಲಿ 2020ರ ಅಕ್ಟೋಬರಿನಲ್ಲಿ ತಂದೆಯೊಬ್ಬರು ಮಗಳು ಕಾಣೆಯಾಗಿದ್ದಾಳೆಂದು ದೂರು ಕೊಟ್ಟರು. ಮಗಳು ಉಪನ್ಯಾಸಕಿ, ತನ್ನ ಇಚ್ಛೆಯಂತೆ ಮದುವೆಯಾಗಿ ಬೇರೆ ಊರಿನಲ್ಲಿದ್ದರು. ಮದುವೆಯ ಪ್ರಮಾಣಪತ್ರವನ್ನೇ ಠಾಣೆಗೆ ಕಳುಹಿಸಿದರೂ, ಇಲ್ಲಿಗೆ ಬಂದು ಹೇಳಿಕೆ ಕೊಡದೆ ಪ್ರಕರಣ ಮುಗಿಯುವುದಿಲ್ಲ ಎಂದು ತನಿಖಾಧಿಕಾರಿ ಪಟ್ಟು ಹಿಡಿದರು. ಇಷ್ಟು ಸಣ್ಣ ವಿಷಯ ಸುಪ್ರೀಂ ಕೋರ್ಟಿನವರೆಗೆ ಹೋಗಬೇಕಾಯಿತು. 2021ರ ಫೆಬ್ರುವರಿ 8ರಂದು ನ್ಯಾಯಾಲಯ ಆ ಪ್ರಕರಣವನ್ನು ರದ್ದುಪಡಿಸಿ, ಇಬ್ಬರು ವಯಸ್ಕರು ಒಪ್ಪಿದ ಮೇಲೆ ಕುಟುಂಬದ, ಸಮುದಾಯದ ಅಥವಾ ಕುಲದ ಸಮ್ಮತಿ ಅಗತ್ಯವಿಲ್ಲ ಎಂದಿತು, ಇಂಥ ಪ್ರಕರಣಗಳನ್ನು ನಿಭಾಯಿಸಲು ಪೊಲೀಸರಿಗೆ ಎಂಟು ವಾರಗಳಲ್ಲಿ ಮಾರ್ಗಸೂಚಿ ಮತ್ತು ತರಬೇತಿ ಕೊಡಿ ಎಂದಿತು. ಅದೇ ತೀರ್ಪಿನಲ್ಲಿ ನ್ಯಾಯಮೂರ್ತಿಗಳು, ಹೆತ್ತವರು ಈ ಮದುವೆಯನ್ನು ಒಪ್ಪಿಕೊಂಡು ಮಗಳು ಅಳಿಯನೊಡನೆ ಮತ್ತೆ ಸಂಬಂಧ ಬೆಳೆಸಲಿ ಎಂಬ ಆಶಯವನ್ನೂ ಬರೆದರು. ಕಾನೂನಿನ ಮಾತುಗಳ ನಡುವೆ ಬಂದ ಆ ಒಂದು ಸಾಲನ್ನು ನಾನು ಎಷ್ಟು ಸಲ ಓದಿದ್ದೇನೋ ಲೆಕ್ಕವಿಲ್ಲ. ನನಗೆ ಬೇಕಾಗಿರುವುದೂ ಅದೇ. ಹಕ್ಕು ಸಿಕ್ಕ ಮೇಲೆ ಅಪ್ಪ ಬೇಡ ಎನ್ನುವವಳು ನಾನಲ್ಲ.

ನೋಟಿಸಿನ ಪರವಾಗಿ ಇರುವ ವಾದವನ್ನು ನಾನು ಹಗುರವಾಗಿ ತಳ್ಳಿಹಾಕುವುದಿಲ್ಲ. ಊರಲ್ಲಿ ಹೆಂಡತಿ ಮಕ್ಕಳಿದ್ದು ನಗರದಲ್ಲಿ ಅವಿವಾಹಿತನೆಂದು ನಂಬಿಸಿದವರ ಕಥೆಗಳನ್ನು ನಾನೂ ಕೇಳಿದ್ದೇನೆ. ನನ್ನದೇ ಕಚೇರಿಯಲ್ಲಿ ಅಂಥ ಮೋಸಕ್ಕೆ ಸಿಕ್ಕವರಿದ್ದಾರೆ. ನಮ್ಮ ಮಗಳು ಮೋಸ ಹೋಗದಿರಲಿ ಎಂದು ಹೆತ್ತವರು ಗೋಡೆಯ ಮೇಲಿನ ಕಾಗದವನ್ನು ನೆಚ್ಚಿಕೊಂಡರೆ ಅದರಲ್ಲಿ ತಪ್ಪು ಹುಡುಕಲಾರೆ. ಆದರೆ ಕಾಯ್ದೆಯ ಪ್ರಕಾರ ಆಕ್ಷೇಪಣೆಗೆ ಇರುವ ಕಾರಣಗಳು ಸೆಕ್ಷನ್ 4ರಲ್ಲಿ ಇರುವಷ್ಟೇ: ಬದುಕಿರುವ ಸಂಗಾತಿ, ಒಪ್ಪಿಗೆ ಕೊಡಲಾಗದ ಮಾನಸಿಕ ಸ್ಥಿತಿ, ವಯಸ್ಸು, ನಿಷಿದ್ಧ ಬಂಧುತ್ವ. ಜಾತಿ, ಧರ್ಮ, ಮನೆತನದ ಮರ್ಯಾದೆ ಅದರಲ್ಲಿ ಎಲ್ಲೂ ಇಲ್ಲ. ಈ ನಾಲ್ಕನ್ನು ಪರಿಶೀಲಿಸಲು ಜನನ ಪ್ರಮಾಣಪತ್ರವಿದೆ, ಪ್ರಮಾಣಿತ ಹೇಳಿಕೆ ಇದೆ, ಸುಳ್ಳು ಹೇಳಿದವರಿಗೆ ಶಿಕ್ಷೆಯಿದೆ, ಮದುವೆಯ ದಿನ ಸಹಿ ಹಾಕುವ ಮೂವರು ಸಾಕ್ಷಿಗಳಿದ್ದಾರೆ. ಯಾವ ಹೆಣ್ಣಿಗೆ ತನ್ನ ಸಂಗಾತಿಯ ಬಗ್ಗೆ ಅನುಮಾನವಿದೆಯೋ ಅವಳೇ ನೋಟಿಸನ್ನು ಪ್ರಕಟಿಸಿ ಎಂದು ಕೇಳಲಿ. ಆ ಅನುಕೂಲವನ್ನು ಅಲಹಾಬಾದಿನ ತೀರ್ಪೂ ಉಳಿಸಿದೆ. ಗೋಡೆಯ ಮುಂದೆ ನಿಂತು ಓದುವವರಲ್ಲಿ ಎಷ್ಟು ಜನ ಸೆಕ್ಷನ್ 4ನ್ನು ಓದಿ ಬಂದಿರುತ್ತಾರೆ ಎಂಬುದು ತಮಗೂ ಗೊತ್ತು.

ಅಪ್ಪನ ಅಂಗಡಿಯ ಗಲ್ಲಾಪೆಟ್ಟಿಗೆಯ ಮೇಲೆ ಬಸವಣ್ಣನವರ ಚಿತ್ರವಿದೆ. ಬಸವ ಜಯಂತಿಯಂದು ಮಾರುಕಟ್ಟೆಯ ಹಮಾಲರಿಗೆಲ್ಲ ಅವರು ತಾವೇ ನಿಂತು ಪಾನಕ ಕೊಡುತ್ತಾರೆ. ಕಲ್ಯಾಣದಲ್ಲಿ ಮಧುವರಸನ ಮಗಳನ್ನು ಹರಳಯ್ಯನ ಮಗನಿಗೆ ಕೊಟ್ಟು ಮಾಡಿದ ಮದುವೆಯ ಕಥೆಯನ್ನು ನಾನು ಮೊದಲು ಕೇಳಿದ್ದು ಅವರಿಂದಲೇ. ಆ ಮದುವೆಗಾಗಿ ಅಪ್ಪಂದಿರಿಬ್ಬರು ಆನೆಯ ಕಾಲಿಗೆ ಕಟ್ಟಿಸಿಕೊಂಡು ಸತ್ತರು ಎನ್ನುವಾಗ ಅವರ ದನಿ ಈಗಲೂ ಗದ್ಗದವಾಗುತ್ತದೆ. ಎಂಟುನೂರಕ್ಕೂ ಹೆಚ್ಚು ವರ್ಷಗಳಿಂದ ನಾವು ಆ ಕಥೆಯನ್ನು ಹೇಳುತ್ತಿದ್ದೇವೆ, ಅಪ್ಪಂದಿರ ಹೆಸರು ಯಾರೂ ಮರೆತಿಲ್ಲ. ಹುಡುಗಿಯ ಹೆಸರು ಮಾತ್ರ ಒಬ್ಬರು ಹೇಳಿದಂತೆ ಇನ್ನೊಬ್ಬರು ಹೇಳುವುದಿಲ್ಲ, ಅವಳಿಗೆ ಆ ಮದುವೆ ಬೇಕಿತ್ತೇ ಎಂದು ಕೇಳಿದವರನ್ನಂತೂ ನಾನು ಕಂಡಿಲ್ಲ. ಅಪ್ಪನಿಗೆ ಈ ಮಾತನ್ನು ಹೇಳಬೇಕು ಎಂದುಕೊಂಡಿದ್ದೇನೆ. ಸುದ್ದಿ ಗೋಡೆಯಿಂದ ಬಂದರೆ ಇಂಥ ಮಾತಿಗೆ ಜಾಗವೇ ಉಳಿಯುವುದಿಲ್ಲ.

ತಾವು ಏನು ಮಾಡಬಹುದು ಎಂಬ ಪ್ರಶ್ನೆಗೆ ಕೇಂದ್ರದ ಕಾಯ್ದೆ, ನಮ್ಮ ಕೈಯಲ್ಲೇನಿದೆ ಎಂಬ ಉತ್ತರ ಬರುತ್ತದೆಂದು ನಾನು ಊಹಿಸಬಲ್ಲೆ. ಮದುವೆ ಸಂವಿಧಾನದ ಸಮವರ್ತಿ ಪಟ್ಟಿಯಲ್ಲಿದೆ. ರಾಷ್ಟ್ರಪತಿಗಳ ಅಂಕಿತ ಪಡೆದು ರಾಜ್ಯ ತನ್ನ ಮಟ್ಟಿಗೆ ತಿದ್ದುಪಡಿ ತರಬಹುದು. ಮದ್ರಾಸ್ ರಾಜ್ಯ 1967ರಲ್ಲಿ ಹಿಂದೂ ವಿವಾಹ ಕಾಯ್ದೆಗೆ ತಿದ್ದುಪಡಿ ತಂದು, ಪುರೋಹಿತರಿಲ್ಲದ ಸ್ವಾಭಿಮಾನ ಮದುವೆಗಳನ್ನು ಕಾನೂನುಬದ್ಧಗೊಳಿಸಿತು. ಅದಕ್ಕೆ ಬಹಿರಂಗ ಸಮಾರಂಭ ಬೇಕಿಲ್ಲ ಎಂದು ಸುಪ್ರೀಂ ಕೋರ್ಟ್ 2023ರಲ್ಲಿ ಹೇಳಿದಾಗ ಕೊಟ್ಟ ಕಾರಣವೂ ಇದೇ: ಮನೆಯವರ ವಿರೋಧವನ್ನು ಎದುರಿಸುತ್ತಿರುವವರು ಮದುವೆಯನ್ನು ಸಾರಬೇಕೆಂದರೆ ಅವರ ಜೀವಕ್ಕೇ ಅಪಾಯ. ಅಷ್ಟು ದೂರ ಹೋಗುವುದೇಕೆ, ಬಾಲ್ಯವಿವಾಹ ನಿಷೇಧದ ಕೇಂದ್ರ ಕಾಯ್ದೆಗೆ ನಮ್ಮ ರಾಜ್ಯವೇ ತಿದ್ದುಪಡಿ ತಂದು, ಇಲ್ಲಿ ನಡೆಯುವ ಬಾಲ್ಯವಿವಾಹ ಮೊದಲಿನಿಂದಲೇ ಅಸಿಂಧು ಎಂದಿದೆ. 2017ರಲ್ಲಿ ಸುಪ್ರೀಂ ಕೋರ್ಟ್ ಅದನ್ನು ಮೆಚ್ಚಿ, ಉಳಿದ ರಾಜ್ಯಗಳೂ ಈ ದಾರಿ ಹಿಡಿಯಲಿ ಎಂದಿತು. ಮಗುವಿನ ಮದುವೆಯನ್ನು ತಡೆಯಲು ಬಳಸಿದ ಅದೇ ಅಧಿಕಾರವನ್ನು ವಯಸ್ಕಳ ಮದುವೆಗೆ ದಾರಿ ಬಿಡಲು ಬಳಸಿ ಎಂದು ಕೇಳುತ್ತಿದ್ದೇನೆ. ಸೆಕ್ಷನ್ 6ರ ಪ್ರಕಟಣೆ, ಅದರಲ್ಲೂ ಊರಿಗೆ ಪ್ರತಿ ಕಳುಹಿಸುವ ಮೂರನೆಯ ಉಪವಿಧಿ, ಅರ್ಜಿದಾರರು ಬಯಸಿದರೆ ಮಾತ್ರ ಅನ್ವಯವಾಗಲಿ.

ತಿದ್ದುಪಡಿಗೆ ಕಾಲ ಹಿಡಿಯುತ್ತದೆ. ಅಲ್ಲಿಯವರೆಗೆ ಕಾಯ್ದೆಯ ಸೆಕ್ಷನ್ 50 ರಾಜ್ಯಕ್ಕೆ ಕೊಟ್ಟಿರುವ ನಿಯಮ ರಚನೆಯ ಅಧಿಕಾರವನ್ನು ಬಳಸಿ, ನೋಟಿಸ್ ಪುಸ್ತಕವನ್ನು ನೋಡಲು ಬಂದವರ ಹೆಸರು ಮತ್ತು ಗುರುತು ದಾಖಲಾಗುವಂತೆ, ಅದು ಅರ್ಜಿದಾರರಿಗೆ ತಿಳಿಯುವಂತೆ ಮಾಡಬಹುದು. ನನ್ನ ಹೆಸರನ್ನು ಊರೆಲ್ಲ ಓದಬಹುದಾದರೆ, ಓದಿದವರ ಹೆಸರನ್ನು ನಾನು ಓದಬಾರದೇ? ನೋಟಿಸಿನ ಫೋಟೋ ತೆಗೆಯುವುದನ್ನು ನಿಷೇಧಿಸಬಹುದು. ಕಾಯ್ದೆ ಕೇಳದ ದಾಖಲೆಗಳನ್ನು, ಅಪ್ಪ ಅಮ್ಮನ ಫೋನ್ ಸಂಖ್ಯೆಯನ್ನು, ಅವರ ಒಪ್ಪಿಗೆ ಪತ್ರವನ್ನು ಯಾವ ಕಚೇರಿಯೂ ಕೇಳಬಾರದೆಂದು ಒಂದು ಸುತ್ತೋಲೆ ಹೊರಡಿಸಲು ಅರ್ಧ ದಿನ ಸಾಕು. ಗೃಹ ಇಲಾಖೆಯೊಂದಿಗೆ ಮಾತಾಡಿ, ಸುರಕ್ಷಿತ ವಸತಿ ಎಲ್ಲಿದೆ, ಯಾರಿಗೆ ಫೋನು ಮಾಡಬೇಕು ಎಂಬುದನ್ನು ನೋಟಿಸಿನ ಪಕ್ಕದಲ್ಲೇ ಅದೇ ಗೋಡೆಯ ಮೇಲೆ ಬರೆಸಿ. ಅಂತರ್ಜಾತಿ ಮದುವೆಗೆ ಸರ್ಕಾರ ಕೊಡುವ ಪ್ರೋತ್ಸಾಹಧನದ ಭಿತ್ತಿಪತ್ರವನ್ನು ನಾನು ಅಲ್ಲಿ ನೋಡಿದೆ. ಒಂದು ಕೈಯಲ್ಲಿ ಪ್ರೋತ್ಸಾಹಧನ ಹಿಡಿದು ಕರೆಯುವ ಸರ್ಕಾರ ಇನ್ನೊಂದು ಕೈಯಲ್ಲಿ ಹೆಸರು ಹಚ್ಚುವ ಅಂಟನ್ನು ಹಿಡಿದಿದೆ.

ಬರುವ ದೀಪಾವಳಿಗೆ ನಾನು ಊರಿಗೆ ಹೋಗುತ್ತೇನೆ. ಪಾಡ್ಯದ ಸಂಜೆ ಅಂಗಡಿಯ ಪೂಜೆ ಮುಗಿದು, ಹೊಸ ಲೆಕ್ಕದ ಪುಸ್ತಕಕ್ಕೆ ಕುಂಕುಮ ಹಚ್ಚಿ, ಹಮಾಲರಿಗೆ ಚುರುಮುರಿ ಕೊಟ್ಟು ಕಳುಹಿಸಿದ ಮೇಲೆ ಅಪ್ಪ ಅರ್ಧ ತಾಸು ಒಬ್ಬರೇ ಗಾದಿಯ ಮೇಲೆ ಕೂರುತ್ತಾರೆ. ಚಿಕ್ಕಂದಿನಲ್ಲಿ ಏನು ಕೇಳಬೇಕಾದರೂ ನಾನು ಆ ಹೊತ್ತಿಗೆ ಕಾಯುತ್ತಿದ್ದೆ. ಈ ಸಲವೂ ಹೋಗಿ ಪಕ್ಕದಲ್ಲಿ ಕೂರುವವಳಿದ್ದೇನೆ. ಅಲ್ಲಿಯವರೆಗೆ ಅರ್ಜಿ ನನ್ನ ಚೀಲದಲ್ಲೇ ಇರುತ್ತದೆ. ಎರಡನೆಯ ಅನುಸೂಚಿಯ ಆ ನಮೂನೆಯಲ್ಲಿ ಹೆಸರು, ಉದ್ಯೋಗ, ವಯಸ್ಸು, ಈಗಿನ ವಾಸಸ್ಥಳ ಎಲ್ಲವನ್ನೂ ತುಂಬಿದ್ದೇನೆ. ಕಾಯಂ ವಾಸಸ್ಥಳ ಎಂಬ ಅಂಕಣವೊಂದು ಮಾತ್ರ ಖಾಲಿ ಉಳಿದಿದೆ.

ಇಂತಿ,
ಅರ್ಜಿ ಸಲ್ಲಿಸದೆ ಹಿಂತಿರುಗಿದ ಒಬ್ಬ ಅರ್ಜಿದಾರಳು